ಶಾಲು ಆಮೇಲೆ, ಮೊದಲು ಅವರ ಲೆಕ್ಕ

ಈ ವಾರ ಬಂದ ಒಂದು ಪತ್ರ ಓದಿದಾಗಿಂದ ಮನಸ್ಸಿಗೆ ಸಮಾಧಾನವಿಲ್ಲ. ಉಳಿದವರು ಬೇಸರ ಮಾಡಿಕೊಳ್ಳಬೇಡಿ, ನಿಮ್ಮದಕ್ಕೆ ಮುಂದಿನ ವಾರ ಉತ್ತರ ಬರೆಯುತ್ತೇನೆ. ಇದು ಕಾಯುವ ಪತ್ರವಲ್ಲ.

ಬರೆದವರು ಸಕಲೇಶಪುರದ ಕಡೆಯ ಕಾಫಿ ತೋಟದ ಮನೆಮಗಳು. ವಯಸ್ಸು 43. ಮದುವೆಯಾಗಿ ಮೈಸೂರಿನಲ್ಲಿದ್ದಾರೆ. ತಂದೆ ತೀರಿಕೊಂಡಿದ್ದಾರೆ, ಅಣ್ಣ ಬೆಂಗಳೂರು ಸೇರಿದ್ದಾರೆ. ಆನೆ ಕಾಟ ಜಾಸ್ತಿ, ಆಳು ಸಿಗುವುದಿಲ್ಲ, ನೋಡಿಕೊಳ್ಳುವವರಿಲ್ಲ ಅಂತ 60 ಎಕರೆ ತೋಟ ಮಾರುತ್ತಿದ್ದಾರೆ. ಅಡ್ವಾನ್ಸ್ ಆಗಿದೆ, ಮುಂದಿನ ತಿಂಗಳು ರಿಜಿಸ್ಟ್ರೇಷನ್. ಕೊಂಡವರು ತಮ್ಮದೇ ಮ್ಯಾನೇಜರನ್ನು ಕರೆತರುತ್ತಾರೆ. ಹಾಗಾಗಿ 31 ವರ್ಷ ಅಲ್ಲಿ ರೈಟರ್ (ತೋಟದ ಲೆಕ್ಕಪತ್ರ ಬರೆಯುವವರು) ಆಗಿದ್ದವರು ಕ್ವಾರ್ಟರ್ಸ್ ಖಾಲಿ ಮಾಡಿ, ಹೆಂಡತಿ ಜೊತೆ ಅರಸೀಕೆರೆ ಹತ್ತಿರ ಮಗಳ ಮನೆಗೆ ಹೋಗಬೇಕು.

"ರೈಟರಣ್ಣ ನನಗೆ ಸೈಕಲ್ ಕಲಿಸಿದವರು. ಹೈಸ್ಕೂಲಿಗೆ ಹೋಗುವಾಗ ಮಳೆಯಲ್ಲಿ ಛತ್ರಿ ಹಿಡಿದು ಬಸ್ ಹತ್ತಿಸಿದವರು" ಎಂದು ಬರೆದಿದ್ದಾರೆ. ಅಣ್ಣ ಒಂದು ಬೀಳ್ಕೊಡುಗೆ ಕಾರ್ಯಕ್ರಮ ಇಟ್ಟುಕೊಂಡಿದ್ದಾರೆ. ಶಾಲು, ಹಾರ, ಫಲಕ, ಊಟ. ತಂಗಿ ಮಾತನಾಡಬೇಕು. "ಬರೆಯಲು ಕೂತರೆ ಅಳು ಬರುತ್ತೆ, ಮಾತು ಬರಲ್ಲ. ಅವರ ಮನಸ್ಸಿಗೆ ಸಮಾಧಾನ ಆಗುವಂಥ ನಾಲ್ಕು ಸಾಲು ಬರೆದುಕೊಡಿ" ಅನ್ನುವುದು ಅವರ ಕೋರಿಕೆ. ತಾವೇ ಬರೆದ ಒಂದು ಸಾಲನ್ನೂ ಕಳಿಸಿದ್ದಾರೆ: "ನಿಮ್ಮ ಋಣ ಏಳು ಜನ್ಮಕ್ಕೂ ತೀರಿಸೋಕಾಗಲ್ಲ."

ನೋಡಿಯಮ್ಮ, ನಿಮ್ಮ ಅಳು ಸುಳ್ಳಲ್ಲ. ಅದು ನನಗೆ ಗೊತ್ತು. ಆದರೆ ನಿಮ್ಮ ಪತ್ರದ ಮೂರನೇ ಪುಟವನ್ನು ನೀವೇ ಇನ್ನೊಂದು ಸಲ ಓದಿ. ಅಲ್ಲಿ ಹೀಗೆ ಬರೆದಿದ್ದೀರಿ: "ನಾನು ತೋಟಕ್ಕೆ ಹೋದಾಗೆಲ್ಲ ರೈಟರಣ್ಣ ಆಫೀಸ್ ರೂಮಿನ ಬಾಗಿಲಿಗೆ ಬರ್ತಾರೆ. 'ರಿಜಿಸ್ಟ್ರೇಷನ್ ಯಾವತ್ತು ಅಂತ ಆಯ್ತಾ ಅಮ್ಮಾವ್ರೆ?' ಅಂತಾರೆ. ಇನ್ನೂ ಇಲ್ಲ ಅಂದ್ರೆ ಸ್ವಲ್ಪ ಹೊತ್ತು ಸುಮ್ನೆ ನಿಂತು ಹೋಗ್ತಾರೆ. ತೋಟ ಬಿಡೋಕೆ ಎಷ್ಟು ಸಂಕಟವೋ ಪಾಪ." ಅದರ ಕೆಳಗೇ ಇನ್ನೊಂದು ಸಾಲಿದೆ: "ಅವರ ಸೆಟ್ಲ್‌ಮೆಂಟ್ ಎಲ್ಲಾ ರಿಜಿಸ್ಟ್ರೇಷನ್ ಆದಮೇಲೆ ನೋಡೋಣ ಅಂತ ಅಣ್ಣ ಹೇಳಿದ್ದಾನೆ."

ಈ ಎರಡು ಸಾಲು ಅಕ್ಕಪಕ್ಕದಲ್ಲೇ ಇವೆ. ಒಂದಕ್ಕೊಂದು ಸಂಬಂಧ ಇರಬಹುದು ಅಂತ ನಿಮಗೆ ಅನ್ನಿಸಲೇ ಇಲ್ಲವಾ?

ಸಂಕಟ ಇದ್ದೇ ಇರುತ್ತದೆ. ಆದರೆ ಅವರು ಬಾಗಿಲಿಗೆ ಬಂದು ನಿಂತಿದ್ದು ತಮ್ಮ ದುಡ್ಡಿನ ವಿಷಯ ಕೇಳಲು. ಬಾಯಿ ಬರಲಿಲ್ಲ, ಅದಕ್ಕೆ ರಿಜಿಸ್ಟ್ರೇಷನ್ ದಿನ ಕೇಳಿ ಹೋದರು. ಅರವತ್ತು ದಾಟಿದ ಮನುಷ್ಯ. ಮಗಳ ಮನೆಗೆ ಅಂದರೆ ಅಳಿಯನ ಮನೆಗೆ ಹೋಗುತ್ತಿದ್ದಾರೆ. ಕೈಯಲ್ಲಿ ಏನು ಹಿಡಿದು ಹೋಗುತ್ತೇನೆ ಅನ್ನುವುದು ಗೊತ್ತಿಲ್ಲದೆ ಅವರಿಗೆ ರಾತ್ರಿ ನಿದ್ದೆ ಹೇಗೆ ಬರಬೇಕು?

ತೋಟದ ಬಟವಾಡೆ ನೋಡಿದವರಿಗೆ ನಾನು ಹೇಳುವುದು ಅರ್ಥವಾಗುತ್ತದೆ. ವರಾಂಡದಲ್ಲಿ ಒಂದು ಮೇಜು, ಅದರ ಮೇಲೆ ಚೆಕ್‌ರೋಲ್ ಅನ್ನುವ ಹಾಜರಿ ಪುಸ್ತಕ, ಪಕ್ಕದಲ್ಲಿ ಇಂಕ್ ಪ್ಯಾಡ್. ರೈಟರ್ ಒಂದೊಂದೇ ಹೆಸರು ಕೂಗುತ್ತಾರೆ. ಮಂಗಳವಾರ ಅರ್ಧ ದಿನ, ಬುಧವಾರ ಪೂರ್ತಿ, ಗುರುವಾರ ಮಳೆ ಅಂತ ಕೆಲಸವಿಲ್ಲ. ಕೂಡಿಸಿ, ಅಡ್ವಾನ್ಸ್ ಕಳೆದು, ದುಡ್ಡು ಎಣಿಸಿ ಕೊಟ್ಟು, ಸಹಿಯನ್ನೋ ಹೆಬ್ಬೆಟ್ಟನ್ನೋ ಹಾಕಿಸುತ್ತಾರೆ. ಯಾರದ್ದಾದರೂ ಅರ್ಧ ದಿನ ಬಿಟ್ಟುಹೋದರೆ ಆಳುಗಳು ಅಲ್ಲೇ ನಿಂತು ಕೇಳುತ್ತಾರೆ. ಕೇಳಲೂಬೇಕು. ಇಷ್ಟು ವರ್ಷ ಬೇರೆಯವರ ಲೆಕ್ಕ ತಪ್ಪದಂತೆ ನೋಡಿಕೊಂಡ ರೈಟರಣ್ಣನಿಗೆ ತಮ್ಮ ಲೆಕ್ಕ ಕೇಳುವ ಧೈರ್ಯ ಮಾತ್ರ ಇಲ್ಲ. ಧಣಿ ಮನೆಯವರ ಮುಂದೆ ದುಡ್ಡಿನ ಮಾತು ಎತ್ತಬಾರದು ಅನ್ನುವ ಸಂಕೋಚ. ಆ ಸಂಕೋಚವೇ ನಿಮ್ಮ ಅಣ್ಣನಿಗೆ ಅನುಕೂಲವಾಗಿದೆ.

ನಿಮ್ಮ ಅಣ್ಣನ ಮೇಲೆ ನನಗೆ ನಿಜವಾಗಿಯೂ ಸಿಟ್ಟು ಬಂದಿದೆ. ಕಳೆದ ಕೆಲವು ವರ್ಷ ಕಾಫಿಗೆ ಬಂದ ರೇಟು ಯಾವ ಕಾಲದಲ್ಲೂ ಬಂದಿರಲಿಲ್ಲ. ತೋಟದ ಅಡ್ವಾನ್ಸೂ ಕೈಗೆ ಬಂದಿದೆ. ದುಡ್ಡಿಲ್ಲ ಅನ್ನುವ ಹಾಗಿಲ್ಲ. ಊಟಕ್ಕೆ, ಶಾಮಿಯಾನಕ್ಕೆ, ಫಲಕಕ್ಕೆ ಇರುವ ದುಡ್ಡು ಸೆಟ್ಲ್‌ಮೆಂಟಿಗೆ ಮಾತ್ರ "ಆಮೇಲೆ". ಆಮೇಲೆ ಅವರು ಬೆಂಗಳೂರಿನಲ್ಲಿ, ರೈಟರಣ್ಣ ಅರಸೀಕೆರೆಯಲ್ಲಿ. ಫೋನ್ ಮಾಡಿದರೆ "ಮುಂದಿನ ವಾರ ನೋಡೋಣ". ಎರಡು ಸಲ ಕೇಳಿ ಆ ಮನುಷ್ಯ ಮೂರನೇ ಸಲ ಕೇಳುವುದಿಲ್ಲ. ನಿಮ್ಮ ಅಣ್ಣನಿಗೆ ಅದು ಗೊತ್ತು.

ಗ್ರ್ಯಾಚುಟಿ ಅಂದರೆ ಮನಸ್ಸು ಬಂದರೆ ಕೊಡುವ ಇನಾಮು ಅಂತ ಬಹಳ ತೋಟದ ಮನೆಗಳಲ್ಲಿ ಇಂದಿಗೂ ತಿಳಿದುಕೊಂಡಿದ್ದಾರೆ. ಹಾಗಲ್ಲ. ಅದು ಕೆಲಸ ಬಿಡುವಾಗ ಸೇವೆಯ ವರ್ಷ ಲೆಕ್ಕ ಹಾಕಿ ಕೊಡಲೇಬೇಕಾದ ಹಣ. 1972ರ ಗ್ರ್ಯಾಚುಟಿ ಕಾಯ್ದೆಯಲ್ಲೇ ಕಾರ್ಖಾನೆ, ಗಣಿಗಳ ಜೊತೆ ಪ್ಲಾಂಟೇಷನ್ ಹೆಸರೂ ಇತ್ತು. 2020ರ ಸಾಮಾಜಿಕ ಭದ್ರತಾ ಸಂಹಿತೆಯಲ್ಲೂ ಅದು ಮುಂದುವರಿದಿದೆ. ಒಂದು ವರ್ಷದ ಸೇವೆಗೆ 15 ದಿನದ ಸಂಬಳ. ತಿಂಗಳಿಗೆ 26 ದಿನ ಅಂತ ಹಿಡಿಯಬೇಕು. ಅವರ ಮೂಲ ಸಂಬಳ, ತುಟ್ಟಿಭತ್ಯೆ ಸೇರಿ 19,500 ಎಂದು ಬರೆದಿದ್ದೀರಿ. ಅಂದರೆ ದಿನಕ್ಕೆ 750. ಹದಿನೈದು ದಿನಕ್ಕೆ 11,250. ಅದಕ್ಕೆ 31 ವರ್ಷ. ಒಟ್ಟು 3,48,750 ರೂಪಾಯಿ. ಕೊಡಬೇಕಾದ ದಿನದಿಂದ 30 ದಿನದೊಳಗೆ ಕೊಡಬೇಕು, ತಡವಾದರೆ ಬಡ್ಡಿ ಸೇರುತ್ತದೆ. ಅವರು ಅರ್ಜಿ ಕೊಡಲಿಲ್ಲ ಅನ್ನುವುದು ನೆಪವಾಗುವುದಿಲ್ಲ. ಪಿಎಫ್ ಇದ್ದರೆ ಅದು ಬೇರೆ, ಬಾಕಿ ರಜೆ ಸಂಬಳ, ಬೋನಸ್ ಬೇರೆ. ಅನುಮಾನ ಇದ್ದರೆ ಹಾಸನದಲ್ಲಿ ಕಾರ್ಮಿಕ ಇಲಾಖೆಯ ಕಚೇರಿ ಇದೆ, ಹೋಗಿ ಕೇಳಿ.

ಏಳು ಜನ್ಮಕ್ಕೂ ತೀರದ ಋಣದ ಮಾತು ಆಮೇಲೆ ಆಡೋಣ. ಈ ಜನ್ಮದಲ್ಲೇ, ಒಂದು ಚೆಕ್ಕಿನಲ್ಲಿ ತೀರುವ ಋಣ ಒಂದಿದೆ. ಅದನ್ನು ಬಾಕಿ ಇಟ್ಟುಕೊಂಡು ಆ ಸಾಲು ಹೇಳಿದರೆ ಅವರ ಮನಸ್ಸಿಗೆ ಹೇಗಾಗಬೇಡ, ಯೋಚನೆ ಮಾಡಿ.

"ನಾನು ಹೇಳಿದರೆ ಅಣ್ಣ ಕೇಳಲ್ಲ" ಎಂದೂ ಬರೆದಿದ್ದೀರಿ. ಕೇಳುತ್ತಾರೆ. ಕ್ರಯಪತ್ರಕ್ಕೆ ನಿಮ್ಮ ಸಹಿಯೂ ಬೇಕು ಎಂದು ನೀವೇ ಹೇಳಿದ್ದೀರಲ್ಲ? ತಂದೆಯ ಆಸ್ತಿಯಲ್ಲಿ ನೀವೂ ಪಾಲುದಾರರು, ಅದಕ್ಕೇ ಬೇಕು. ತೋಟದ ಹಣದಲ್ಲಿ ಪಾಲು ತೆಗೆದುಕೊಳ್ಳುವಾಗ ತೋಟದ ಬಾಕಿಯಲ್ಲೂ ನಿಮ್ಮ ಪಾಲಿದೆ. ಹಾಗಾಗಿ ನಾನು ಹೇಳುವುದು ಒಂದೇ. ರೈಟರಣ್ಣನ ಲೆಕ್ಕ ಚುಕ್ತಾ ಆಗಿ, ಹಣ ಅವರ ಖಾತೆಗೆ ಜಮಾ ಆಗುವವರೆಗೆ ಸಹಿ ಹಾಕಬೇಡಿ. ಜಗಳ ಮಾಡಬೇಕಿಲ್ಲ, ಅಳಬೇಕಿಲ್ಲ. "ಇದು ಆದಮೇಲೆ ಸಹಿ" ಅಷ್ಟೇ ಹೇಳಿ. ಆಮೇಲೆ ಲೆಕ್ಕ ಬರೆದ ಹಾಳೆಯನ್ನು ನೀವೇ ಕ್ವಾರ್ಟರ್ಸಿಗೆ ತೆಗೆದುಕೊಂಡು ಹೋಗಿ ಅವರ ಕೈಗೆ ಕೊಡಿ. 750, 15, 31, ಎಲ್ಲಾ ಅದರಲ್ಲಿ ಇರಲಿ. ಅವರು ಲೆಕ್ಕದ ಮನುಷ್ಯ, ಪೆನ್ನು ತೆಗೆದು ತಾಳೆ ನೋಡುತ್ತಾರೆ. ನೋಡಲಿ, ನೀವು ಕಾಯಿರಿ. ಇದೆಲ್ಲ ಕಾರ್ಯಕ್ರಮಕ್ಕೆ ಮೊದಲೇ ಮುಗಿಯಬೇಕು. ವೇದಿಕೆ ಮೇಲೆ ಕವರ್ ಕೊಟ್ಟು ಫೋಟೊ ತೆಗೆಸಿಕೊಳ್ಳುವುದು ಬೇಡವೇ ಬೇಡ.

ಇನ್ನು ನೀವು ಕೇಳಿದ ಮಾತು.

ಮೊದಲು, ಆಡಬಾರದ್ದು. "ಯಾವಾಗ ಬೇಕಾದ್ರೂ ಬನ್ನಿ, ಇದು ನಿಮ್ಮನೇ" ಅನ್ನಬೇಡಿ. ರಿಜಿಸ್ಟ್ರೇಷನ್ ಆದ ಮರುದಿನ ಅದು ನಿಮ್ಮ ಮನೆಯೂ ಅಲ್ಲ. ಆ ಮಾತು ನಂಬಿ ಅವರು ಒಂದು ದಿನ ಬಂದರೆ ಗೇಟಿನಲ್ಲಿ ಹೊಸ ವಾಚ್‌ಮನ್ "ಯಾರು ಬೇಕು?" ಅಂತಾನೆ. ಬೀಳ್ಕೊಡುವಾಗ ನಡೆಸಿಕೊಡಲಾಗದ ಮಾತು ಕೊಡಬಾರದು. ಇದನ್ನು ಈ ಅಂಕಣದಲ್ಲಿ ಬಹಳ ಸಲ ಬರೆದಿದ್ದೇನೆ, ಇನ್ನೂ ಬರೆಯುತ್ತೇನೆ.

ಆಡಬೇಕಾದ್ದು ನಿಮ್ಮ ಪತ್ರದಲ್ಲೇ ಇದೆ. ಅವರು ಕೆಲಸಕ್ಕೆ ಸೇರಿದ ವರ್ಷದಿಂದ ಮಳೆ ಪುಸ್ತಕ ಬರೆದಿದ್ದಾರೆ, ಹಳೇ ಪುಸ್ತಕಗಳನ್ನೆಲ್ಲ ಕೊಂಡವರಿಗೇ ಬಿಟ್ಟುಬಿಡೋಣ ಅಂತ ಅಣ್ಣ ಹೇಳುತ್ತಾನೆ ಎಂದಿದ್ದೀರಿ. ಬಿಡಬೇಡಿ. ಪೇಟೆ ಓದುಗರಿಗೆ ಹೇಳುತ್ತೇನೆ, ಕಾಫಿ ತೋಟದಲ್ಲಿ ದಿನಾ ಬೆಳಿಗ್ಗೆ ಮಳೆಮಾಪಕ ನೋಡಿ ಇಂಚು, ಸೆಂಟ್ ಲೆಕ್ಕದಲ್ಲಿ ಬರೆದಿಡುತ್ತಾರೆ. ನೂರು ಸೆಂಟಿಗೆ ಒಂದು ಇಂಚು. ಮಾರ್ಚ್ ಹೊತ್ತಿಗೆ ಹೂಮಳೆ ಒಂದು ಇಂಚು ಬಂತಾ, ಬರೀ 20 ಸೆಂಟಾ ಅನ್ನುವುದರ ಮೇಲೆ ಸ್ಪ್ರಿಂಕ್ಲರ್ ಓಡಿಸಬೇಕೋ ಬೇಡವೋ ತೀರ್ಮಾನ ಆಗುತ್ತದೆ. ಮಳೆ ಸರಿಯಾಗಿ ಬಂದರೆ ವಾರ ಹತ್ತು ದಿನಕ್ಕೆ ತೋಟವೆಲ್ಲ ಬೆಳ್ಳಗೆ ಹೂ. ಇಡೀ ವರ್ಷದ ಫಸಲು ಅದರ ಮೇಲೆ. ನಿಮ್ಮ ತಂದೆ ಪ್ರತಿ ವರ್ಷ ಆ ತೀರ್ಮಾನ ಮಾಡಿದ್ದು ಈ ಮನುಷ್ಯ ಬರೆದ ಅಂಕಿ ನಂಬಿ.

ಆ ಪುಸ್ತಕಗಳಲ್ಲಿ 2018ರದ್ದು ಹುಡುಕಿ. ಆಗಸ್ಟ್ ತಿಂಗಳು ತೆಗೆಯಿರಿ. ಶಿರಾಡಿ ಘಾಟಿಯಲ್ಲಿ ಗುಡ್ಡ ಕುಸಿದು ರಸ್ತೆ, ರೈಲು ಎರಡೂ ನಿಂತ ತಿಂಗಳು ಅದು. ನಿಮ್ಮಲ್ಲಿ ಕರೆಂಟಿರಲಿಲ್ಲ, ಲೈನಿಗೆ (ಆಳುಗಳ ಮನೆಗಳ ಸಾಲಿಗೆ) ಹೋಗುವ ದಾರಿ ಮುರಿದಿತ್ತು, ಅಪ್ಪ ಜ್ವರದಲ್ಲಿ ಮಲಗಿದ್ದರು ಎಂದು ಬರೆದಿದ್ದೀರಿ. ಒಂದು ದಿನವಾದರೂ ಅಂಕಿ ತಪ್ಪಿದೆಯಾ ನೋಡಿ. ತಪ್ಪಿಲ್ಲದಿದ್ದರೆ ಭಾಷಣ ಬರೆಯಬೇಡಿ. ಆ ಪುಟ ಕೈಯಲ್ಲಿ ಹಿಡಿದು ಒಂದು ವಾರದ್ದು ಓದಿ. ಓದಿ ಹೀಗೆ ಹೇಳಿ: "ರೈಟರಣ್ಣ, ಆ ಮಳೆಯಲ್ಲೂ ನೀವು ದಿನಾ ಹೋಗಿ ಅಳೆದು ಬಂದಿದ್ದೀರಿ. ಅಪ್ಪ ನಿಮ್ಮ ಲೆಕ್ಕ ನಂಬಿ ತೋಟ ಮಾಡಿದರು. ಈ ಪುಸ್ತಕ ನನ್ನ ಹತ್ತಿರ ಇಟ್ಟುಕೊಳ್ತೀನಿ." ಇಷ್ಟು ಸಾಕು. ಅಳು ಬಂದರೆ ಬರಲಿ. ಆಮೇಲೆ ಮೈಕ್ ಅವರಿಗೆ ಕೊಟ್ಟು ನೀವು ಕೂತುಕೊಳ್ಳಿ. ಅವರೇನೂ ಮಾತನಾಡದಿದ್ದರೆ ಒತ್ತಾಯ ಮಾಡಬೇಡಿ.

ಇನ್ನೊಂದು ವಿಷಯ. ಅವರ ಹೆಂಡತಿ ಬಗ್ಗೆ ನೀವು ಬರೆದಿರುವುದು ಒಂದೇ ಸಾಲು: "ಅಕ್ಕನೂ ಕಣದಲ್ಲಿ, ನರ್ಸರಿಯಲ್ಲಿ ಕೆಲಸ ಮಾಡ್ತಿದ್ರು." ಎಷ್ಟು ವರ್ಷ ಮಾಡಿದರು? ಚೆಕ್‌ರೋಲ್ ತೆಗೆದು ಅವರ ಹೆಸರು ಇದೆಯಾ ನೋಡಿ. ಇದ್ದು, ಸತತ ಐದು ವರ್ಷ ಕೆಲಸ ಮಾಡಿದ್ದರೆ ಅವರ ಗ್ರ್ಯಾಚುಟಿ ಬೇರೆ, ಅದಕ್ಕೂ ಒಂದು ಹಾಳೆ ಬರೆಯಬೇಕು. ಆ ಹಾಳೆಯನ್ನು ಅವರ ಕೈಗೇ ಕೊಡಿ, ಗಂಡನ ಕೈಗಲ್ಲ.