ಫುಟ್‌ಬಾಲ್ ಗೋಲ್‌ಕೀಪರ್ ಒಬ್ಬರು ಇನ್ನೊಂದು ಆಟದಲ್ಲೂ ಅಗ್ರ ಆಟಗಾರ್ತಿ ಆಗೋಕೆ ಸಾಧ್ಯವೇ?

ಖಂಡಿತ ಸಾಧ್ಯ. ಮೆಲ್ಬರ್ನ್‌ನ ಬ್ರಿಯಾನಾ ಡೇವಿ ಅದನ್ನು ಮಾಡಿ ತೋರಿಸಿದ್ದಾರೆ.

ನಮ್ಮ ಆರ್‌ಸಿಬಿಯ ಎಲಿಸ್ ಪೆರಿ ಆಸ್ಟ್ರೇಲಿಯಾ ಪರ ಕ್ರಿಕೆಟ್, ಫುಟ್‌ಬಾಲ್ ಎರಡನ್ನೂ ಆಡಿದ್ದು ನಿಮಗೆ ಗೊತ್ತಿರಬಹುದು. ಡೇವಿ ಕಥೆ ಬೇರೆ. ಅವರು ಆಸ್ಟ್ರೇಲಿಯಾ ಮಹಿಳಾ ಫುಟ್‌ಬಾಲ್ ತಂಡದ ಗೋಲ್‌ಕೀಪರ್ ಆಗಿದ್ದವರು. 2014ರಲ್ಲಿ ಮೆಲ್ಬರ್ನ್ ವಿಕ್ಟರಿ ಕ್ಲಬ್ ಆಸ್ಟ್ರೇಲಿಯಾದ ಮಹಿಳಾ ಫುಟ್‌ಬಾಲ್ ಲೀಗ್ ಗೆದ್ದಾಗ ಗೋಲು ಕಾದವರು ಅವರೇ. 2017ರಲ್ಲಿ ಮಹಿಳೆಯರ ಆಸ್ಟ್ರೇಲಿಯನ್ ರೂಲ್ಸ್ (ಕೈ, ಕಾಲು ಎರಡನ್ನೂ ಬಳಸುವ ಆಸ್ಟ್ರೇಲಿಯಾದ್ದೇ ಬೇರೆ ಬಗೆಯ ಫುಟ್‌ಬಾಲ್) ಲೀಗ್ ಶುರುವಾದಾಗ ಕಾರ್ಲ್‌ಟನ್ ತಂಡ ಸೇರಿದರು.

ಅಲ್ಲಿ ಚೆಂಡು ಮೊಟ್ಟೆಯಾಕಾರದ್ದು, ಮೈದಾನ ಕ್ರಿಕೆಟ್‌ನದು. ಆದರೆ ಒಂದು ವಿಷಯ ಗಮನಿಸಿ. ದೂರದಿಂದ ಒದ್ದ ಚೆಂಡನ್ನು ನೆಲಕ್ಕೆ ಬೀಳುವ ಮೊದಲೇ ಹಿಡಿದರೆ ಅದು 'ಮಾರ್ಕ್'. ಹಿಡಿದವರಿಗೆ ಯಾರ ಅಡ್ಡಿಯೂ ಇಲ್ಲದೆ ಒದೆಯುವ ಅವಕಾಶ. ಮೈಮೇಲೆ ಬೀಳೋರ ನಡುವೆ ಜಿಗಿದು ಗಾಳಿಯಲ್ಲೇ ಚೆಂಡು ಹಿಡಿಯೋದು, ಆಮೇಲೆ ದೂರಕ್ಕೆ ಒದೆಯೋದು. ಗೋಲ್‌ಕೀಪರ್ ದಿನಾ ಮಾಡೋ ಕೆಲಸ ಇದೇ ಅಲ್ವಾ?

2018ರಲ್ಲಿ ಡೇವಿಯ ಮೊಣಕಾಲಿನ ಲಿಗಮೆಂಟ್ ಹರಿಯಿತು. ಮರುವರ್ಷ ನಾಯಕಿಯಾಗಿ ಕಾರ್ಲ್‌ಟನ್ ತಂಡವನ್ನು ಫೈನಲ್‌ಗೆ ಒಯ್ದರು. ಅಲ್ಲಿ ಅಡಿಲೇಡ್ ಗೆದ್ದಿತು. ನಂತರ ಕಾಲಿಂಗ್‌ವುಡ್ ತಂಡ ಸೇರಿ, 2021ರಲ್ಲಿ ಲೀಗ್‌ನ ಶ್ರೇಷ್ಠ ಆಟಗಾರ್ತಿ ಪ್ರಶಸ್ತಿಯನ್ನು ಕಿಯಾರಾ ಬೋವರ್ಸ್ ಜೊತೆ ಹಂಚಿಕೊಂಡರು. 2022ರ ಮೊದಲ ಪಂದ್ಯದಲ್ಲೇ ಮತ್ತೆ ಮೊಣಕಾಲಿಗೆ ಪೆಟ್ಟು. ಆದರೂ ಮೈದಾನಕ್ಕೆ ಮರಳಿದರು. ನನಗೆ ಪ್ರಶಸ್ತಿಗಿಂತ ಜಾಸ್ತಿ ಇಷ್ಟವಾಗೋದು ಇದೇ.