ಮ್ಯೂಸಿಕ್ ಕಂಪನಿಯ ಬೆಂಬಲ ಇಲ್ಲದೆ, ಬೆಳಗಾವಿಯಲ್ಲಿದ್ದುಕೊಂಡು ಜಮೈಕಾದ ರೆಗ್ಗೆ ಸಂಗೀತ ಹಾಡಿ ಬದುಕಬಹುದಾ?

ಬದುಕಬಹುದು, ಆದರೆ ಆ್ಯಪ್‌ಗಳಲ್ಲಿ ಹಾಡು ಹಾಕಿ ಬರುವ ದುಡ್ಡಿನಿಂದಲ್ಲ. ಹೊಟ್ಟೆ ತುಂಬಿಸೋದು ಸ್ಟೇಜು.

ಸ್ಪಾಟಿಫೈಯಂಥವು ಒಂದು ಹಾಡಿಗೆ ಇಷ್ಟು ಅಂತ ರೇಟು ಕಟ್ಟುವುದಿಲ್ಲ. ತಿಂಗಳ ಹಣವನ್ನು ರಾಶಿ ಹಾಕಿ, ಜನ ಒಟ್ಟು ಕೇಳಿದ್ದರಲ್ಲಿ ನಿಮ್ಮ ಹಾಡಿನ ಪಾಲು ಎಷ್ಟೋ ಅಷ್ಟನ್ನೇ ಅಳೆದು ಕೊಡುತ್ತವೆ. ಸಿನಿಮಾ ಹಾಡುಗಳ ಮುಂದೆ ನಮ್ಮದು ಚಿಟಿಕೆಯಷ್ಟು. ಮೇಲಾಗಿ 2024ರಿಂದ, 12 ತಿಂಗಳಲ್ಲಿ 1,000 ಸಲ ಕೇಳಿಸಿಕೊಳ್ಳದ ಹಾಡಿಗೆ ಸ್ಪಾಟಿಫೈ ರೆಕಾರ್ಡಿಂಗ್‌ಗೆ ಸಲ್ಲುವ ಪಾಲನ್ನೇ ಕೊಡುವುದಿಲ್ಲ.

ಬೆಳಗಾವಿಯವರ ಅದೃಷ್ಟ ಅಂದ್ರೆ ಚೋರ್ಲಾ ಘಾಟಿ ಇಳಿದರೆ ಗೋವಾ. ಚಳಿಗಾಲದ ಸೀಸನ್‌ನಲ್ಲಿ ಹಾಡುವ ಅವಕಾಶ ಅಲ್ಲೇ ಜಾಸ್ತಿ. ಗೋವಾ ಸನ್‌ಸ್ಪ್ಲಾಶ್ ಅನ್ನೋ ರೆಗ್ಗೆ ಹಬ್ಬ ಶುರುವಾಗಿದ್ದೂ ಅಲ್ಲೇ.

ಖರ್ಚು ಉಳಿಸೋಕೆ ಜಮೈಕಾದವರದೇ ಒಂದು ದಾರಿ ಇದೆ: ರಿಡಿಮ್. ಅಂದರೆ ಡ್ರಮ್, ಬೇಸ್ ಗಿಟಾರಿನ ಮಟ್ಟನ್ನು ಒಮ್ಮೆ ರೆಕಾರ್ಡ್ ಮಾಡಿ, ಅದರ ಮೇಲೆ ಬೇರೆ ಬೇರೆ ಹಾಡು ಹಾಡೋದು. ನಮ್ಮ ಗೀಗೀ ಮೇಳದವರು ಒಂದೇ ಧಾಟಿಗೆ ಹೊಸ ಪದ ಕಟ್ತಾರಲ್ವಾ, ಹಾಗೇ. ಸ್ಟುಡಿಯೋ ಬಾಡಿಗೆ ಒಂದು ದಿನದ್ದು, ಹಾಡು ನಾಲ್ಕು.

ಹಾಡು ನೀವೇ ಬರೆದಿದ್ದರೆ ಐಪಿಆರ್‌ಎಸ್ ಸದಸ್ಯರಾಗಿ. ಬರೆದವರ, ರಾಗ ಹಾಕಿದವರ ರಾಯಧನ ವಸೂಲಿ ಮಾಡಿಕೊಡುವ ಸಂಘ ಅದು.