ಓದುಗರ ಪ್ರಶ್ನೆ, ನಮ್ಮ ಉತ್ತರ: ರೆಕ್ಕೆ ವಾಪಸ್ ಕೊಟ್ಬಿಡಿ

ಪ್ರಶ್ನೆ: ಸರ್, ನಮ್ಮ ಕಾಲೇಜ್ ಟೀಮಿನವರು ಐರ್ಲೆಂಡಿನ ಕವಿ ಯೇಟ್ಸ್ ಬರೆದಿರೋ ‘ದಿ ಲ್ಯಾಂಡ್ ಆಫ್ ಹಾರ್ಟ್ಸ್ ಡಿಸೈರ್’ ನಾಟಕ ಮಾಡೋಣ ಅಂತಿದೀವಿ. ಒಂದೇ ಅಂಕ, ಆರೇ ಜನ ಸಾಕು. ಆದ್ರೆ ರಿಹರ್ಸಲ್‌ನಲ್ಲಿ ಫೇರಿ ಒಳಗೆ ಬಂದ ತಕ್ಷಣ ಎಲ್ರೂ ನಗ್ತಾರೆ. ರೆಕ್ಕೆ, ಮಿಂಚೋ ಬಟ್ಟೆ ಎಲ್ಲಾ ಬಾಡಿಗೆಗೆ ತಂದಿದೀವಿ, ಏನ್ ತಪ್ಪಾಗಿದೆ?
– ಒಬ್ಬ ವಿದ್ಯಾರ್ಥಿನಿ, ಶಿವಮೊಗ್ಗ

ಉತ್ತರ: ಮೊದಲು ಆ ರೆಕ್ಕೆ ವಾಪಸ್ ಕೊಟ್ಬಿಡಿ, ಬಾಡಿಗೆನಾದ್ರೂ ಉಳಿಯತ್ತೆ. ಐರ್ಲೆಂಡಿನ ಹಳ್ಳಿಗಳಲ್ಲಿ ಫೇರಿ ಅಂದ್ರೆ ನಮ್ ಮಕ್ಕಳ ಪುಸ್ತಕದ ಕಿನ್ನರಿ ಅಲ್ಲ. ಹೆಸರು ಹೇಳೋಕೂ ಹೆದರಿ ‘ಒಳ್ಳೆ ಜನ’ ಅಂತಿದ್ರು, ಕೋಪ ಮಾಡ್ಕೋಬಾರ್ದಲ್ಲ ಅದಕ್ಕೆ. ಹಳೇ ಮಣ್ಣುದಿಬ್ಬಗಳ ಒಳಗೆ ಇರ್ತಾರೆ, ಮಕ್ಕಳನ್ನ, ಹೊಸದಾಗಿ ಮದುವೆ ಆದ ಹೆಣ್ಮಕ್ಕಳನ್ನ ಎತ್ಕೊಂಡು ಹೋಗ್ತಾರೆ ಅನ್ನೋ ನಂಬಿಕೆ.

ಈಗ ನಾಟಕ ನೋಡಿ. ಐರ್ಲೆಂಡಿನ ಸ್ಲೈಗೊ ಕಡೆ ಒಂದು ರೈತನ ಮನೆ, ಮೇ ತಿಂಗಳು ಹುಟ್ಟೋ ಹಿಂದಿನ ರಾತ್ರಿ. ಹೊಸ ಸೊಸೆ ಮೇರಿ ಕೆಲಸ ಬಿಟ್ಟು ಹಳೇ ಪುಸ್ತಕ ಓದ್ತಾ ಕೂತಿದ್ದಾಳೆ, ಅತ್ತೆ ಬ್ರಿಜೆಟ್ ಗೊಣಗ್ತಾ ಇದ್ದಾಳೆ (ಇಷ್ಟಕ್ಕೆ ನಿಮ್ ಪ್ರೇಕ್ಷಕರು ಅರ್ಧ ನಾಟಕದ ಒಳಗೆ ಬಂದಿರ್ತಾರೆ ಬಿಡಿ). ಕಾವಲಿಗೆ ಅಂತ ಬಾಗಿಲಿಗೆ ಕಟ್ಟಿದ ರೋವನ್ ಮರದ ಕೊಂಬೆ ಹೋಗ್ಬಿಡತ್ತೆ. ಆ ರಾತ್ರಿ ಮನೆಯಿಂದ ಹಾಲು, ಬೆಂಕಿ ಆಚೆ ಕೊಡಬಾರ್ದು, ಕೊಟ್ರೆ ವರ್ಷ ಪೂರ್ತಿ ಮನೆ ಫೇರಿಗಳ ಕೈಗೆ ಹೋಗತ್ತೆ ಅಂತ ನಂಬಿಕೆ. ಯಾರೋ ಮುದುಕಿ ಬಂದ್ಲು, ಮೇರಿ ಹಾಲು ಕೊಟ್ಲು. ಯಾರೋ ಮುದುಕ ಪೈಪ್ ಹಚ್ಚೋಕೆ ಕೆಂಡ ಕೇಳ್ದ, ಅದನ್ನೂ ಕೊಟ್ಲು. ಆಮೇಲೆ ಹೊರಗೆ ಮಗು (ಅದೇ ನಿಮ್ ಫೇರಿ) ಹಾಡೋದು ಕೇಳಿ ಮಾವನೇ ಹೋಗಿ, ಪಾಪ ಚಳೀಲಿ ನಿಂತಿದೆ ಅಂತ ಎತ್ಕೊಂಡು ಬರ್ತಾನೆ. ಗೋಡೆ ಮೇಲಿನ ಶಿಲುಬೆ ನೋಡಿ ಮಗು ಕಿರುಚಿದಾಗ ಅದನ್ನ ತೆಗೆದು ಒಳಗಿನ ಕೋಣೇಲಿ ಇಡೋದು ಯಾರು ಅಂದ್ರೆ ಸಾಕ್ಷಾತ್ ಪಾದ್ರಿ ಫಾದರ್ ಹಾರ್ಟ್!

ಯಾರೂ ಕೆಟ್ಟವರಲ್ಲ, ಹೆಚ್ಚುಕಮ್ಮಿ ಎಲ್ರೂ ಕರುಣೆಯಿಂದಾನೇ ಒಂದೊಂದು ಅಗುಳಿ ತೆಗೀತಾರೆ, ನನ್ ಪ್ರಕಾರ ನಾಟಕದ ಭಯ ಪೂರ್ತಿ ಇರೋದೇ ಅಲ್ಲಿ. ಹಾಗಾಗಿ ಮಗು ನಿಜವಾದ ಮಗು ಥರಾನೇ ಇರ್ಲಿ, ಜೇನು ನೆಕ್ಕೊಂಡು ಮುದ್ದಾಗಿ ಮಾತಾಡ್ಲಿ. ಆಮೇಲೆ ಅದೇ ಬಾಯಲ್ಲಿ ಬ್ಯಾಲಿಗಾಲಿ ಬೆಟ್ಟದ ಮುದಿ ಹದ್ದಿಗಿಂತ ನನಗೆ ವಯಸ್ಸಾಗಿದೆ ಅನ್ನತ್ತಲ್ಲ, ಆಗ ಯಾರ್ ನಗ್ತಾರೆ ನೋಡೋಣ.

ಪ್ರಶ್ನೆ: ಇದು ಮೊದಲ ಸಲ ಎಲ್ಲಿ ಆಯ್ತು? ಹಿಟ್ಟಾ ಫ್ಲಾಪಾ?
– ಹವ್ಯಾಸಿ ನಟ, ಧಾರವಾಡ

ಉತ್ತರ: ಐರ್ಲೆಂಡಲ್ಲಿ ಅಲ್ಲ, ಲಂಡನ್ನಿನ ಅವೆನ್ಯೂ ಥಿಯೇಟರಲ್ಲಿ, 1894ರ ಮಾರ್ಚ್ 29ಕ್ಕೆ. ನಟಿ ಫ್ಲಾರೆನ್ಸ್ ಫಾರ್ ತನ್ನ ಸೋದರಿ ಮಗಳು ಡೊರೊಥಿ ಪ್ಯಾಜೆಟ್‌ಗೆ ಒಂದು ಪಾತ್ರ ಬೇಕು ಅಂದಿದ್ದಕ್ಕೆ ಯೇಟ್ಸ್ ಬರೆದಿದ್ದು, ಫೇರಿ ಮಗು ಆಗಿದ್ದು ಅವಳೇ. ಜೊತೆಗಿದ್ದ ದೊಡ್ಡ ನಾಟಕ ಮಕಾಡೆ ಮಲಗ್ತು, ಅದರ ಜಾಗಕ್ಕೆ ಏಪ್ರಿಲ್ 21ರಿಂದ ಬರ್ನಾರ್ಡ್ ಶಾ ನಾಟಕ ಬಂತು, ಯೇಟ್ಸದ್ದು ಮಾತ್ರ ಮುಂದುವರೀತು.

ಪ್ರಶ್ನೆ: ಕೊನೇಲಿ ಮೇರಿ ಸಾಯ್ತಾಳಾ, ಹೋಗ್ತಾಳಾ? ಜನ ಇದನ್ನೆಲ್ಲ ನಿಜವಾಗ್ಲೂ ನಂಬ್ತಿದ್ರಾ?
– ಒಬ್ಬ ಓದುಗರು, ಮೈಸೂರು

ಉತ್ತರ: ಗಂಡ ಶಾನ್ ತೋಳಲ್ಲೇ ಜೀವ ಹೋಗತ್ತೆ. ಆದ್ರೆ ಅತ್ತೆ ಏನಂತಾಳೆ, ಆ ಬೊಂಬೆ ಬಿಟ್ಟು ಈಚೆ ಬಾ, ನೀನು ತಬ್ಬಿಕೊಂಡಿರೋದು ಬರೀ ಎಲೆ ರಾಶಿನೋ ಮರದ ಬೊಡ್ಡೆನೋ ಇರ್ಬೇಕು ಅಂತ. ಅಂದ್ರೆ ನಿಜವಾದೋಳು ಫೇರಿಗಳ ಜೊತೆ ಹೋದ್ಲು, ಉಳಿದಿದ್ದು ಅವಳ ರೂಪ ಅಷ್ಟೇ.

ನಂಬ್ತಿದ್ರಾ ಅಂದ್ರಲ್ಲ, ನಾಟಕ ಆಗಿ ಒಂದು ವರ್ಷಕ್ಕೆ, 1895ರ ಮಾರ್ಚಲ್ಲಿ, ಐರ್ಲೆಂಡಿನ ಟಿಪ್ಪರರಿ ಜಿಲ್ಲೆಯ ಬ್ಯಾಲಿವ್ಯಾಡ್ಲಿ ಅನ್ನೋ ಊರಲ್ಲಿ ಬ್ರಿಜೆಟ್ ಕ್ಲಿಯರಿ ಅನ್ನೋ 26ರ ಹೆಣ್ಮಗಳಿಗೆ ಜ್ವರ ಬಂತು. ಗಂಡ ಮೈಕಲ್, ಇವಳು ನನ್ ಹೆಂಡ್ತಿ ಅಲ್ಲ, ಫೇರಿಗಳು ಬದಲಾಯಿಸಿ ಬಿಟ್ಟೋಗಿರೋದು ಅಂತ ಹಠ ಹಿಡಿದು, ನೆಂಟರ ಮುಂದೆಯೇ ಅವಳನ್ನ ಸುಟ್ಟ. ಕೊಲೆ ಅಂತ ಆಗ್ಲಿಲ್ಲ, ಉದ್ದೇಶವಿಲ್ಲದ ನರಹತ್ಯೆ ಅಂತಾಗಿ 20 ವರ್ಷ ಶಿಕ್ಷೆ, 15 ವರ್ಷ ಒಳಗಿದ್ದ. ಪೊಲೀಸರಿಗೆ ಹೆಣ ಸಿಗೋಕೆ ಮುಂಚೆ ಫೇರಿಗಳು ಇರ್ತಾರೆ ಅಂತ ನಂಬಿದ್ದ ಹತ್ತಿರದ ಹಳೇ ಮಣ್ಣುಕೋಟೆ ಹತ್ರ ರಾತ್ರಿಯೆಲ್ಲ ಕಾಯ್ತಿದ್ನಂತೆ, ನಿಜವಾದ ಹೆಂಡ್ತಿ ಬಿಳಿ ಕುದುರೆ ಮೇಲೆ ಆಚೆ ಬರ್ತಾಳೆ ಅಂತ.